‘ರಾಜಕೀಯೇತರ’ ಎಂಬ ಪದದ ಅರ್ಥ ಮತ್ತು ಬಳಕೆ: ಒಂದು ವಿಮರ್ಶೆ

ನಮ್ಮ ಧರ್ಮಕೇಂದ್ರಗಳಲ್ಲಿ ಹೊಸ ಸಂಘವೊಂದು ಹುಟ್ಟಿಕೊಂಡಾಗ ಮೊದಲು ಸಿದ್ಧವಾಗುವುದು ಅದರ ನಿಯಮಾವಳಿ. ಅದು ಯುವಜನರ ಸಂಘವಿರಲಿ, ಮಹಿಳೆಯರ ಸಂಘವಿರಲಿ, ಗಾಯನವೃಂದವಿರಲಿ, ಧ್ಯೇಯೋದ್ದೇಶಗಳ ಪಟ್ಟಿಯ ಆಸುಪಾಸಿನಲ್ಲಿ ಒಂದು ವಾಕ್ಯ ಬಹುತೇಕ ತಪ್ಪದೆ ಕಾಣಸಿಗುತ್ತದೆ: ಈ ಸಂಘವು ಸಂಪೂರ್ಣವಾಗಿ ರಾಜಕೀಯೇತರವಾಗಿರತಕ್ಕದ್ದು. ಚಂದಾ ಎಷ್ಟಿರಬೇಕು, ಖಜಾಂಚಿಯ ಅವಧಿ ಎಷ್ಟು ವರ್ಷ ಎಂಬುದರ ಮೇಲೆ ಒಂದು ಗಂಟೆ ವಾದ ನಡೆದರೂ ಈ ವಾಕ್ಯ ಮಾತ್ರ ಚರ್ಚೆಯಿಲ್ಲದೆ ಅಂಗೀಕಾರವಾಗುತ್ತದೆ. ಎಲ್ಲರೂ ಒಪ್ಪಿದ ಈ ಪದಕ್ಕೆ ಎಲ್ಲರೂ ಒಂದೇ ಅರ್ಥ ಕೊಟ್ಟಿದ್ದಾರೆಯೇ ಎಂಬುದು ನಮ್ಮ ಪ್ರಶ್ನೆ.

ಇಲ್ಲ ಎಂಬುದು ನಮ್ಮ ಅಭಿಮತ. ನಮ್ಮ ಧರ್ಮಸಭೆಯ ಕನ್ನಡದಲ್ಲಿ ಈ ಒಂದು ಪದ ಮೂರು ಬೇರೆ ಬೇರೆ ನಿಲುವುಗಳನ್ನು ಹೊತ್ತುಕೊಂಡು ನಡೆಯುತ್ತಿದೆ. ಅವುಗಳಲ್ಲಿ ಒಂದು ಕರ್ತವ್ಯ, ಇನ್ನೊಂದು ಸತ್ಯ, ಮತ್ತೊಂದು ಪಾಪ. ಮೂರಕ್ಕೂ ಒಂದೇ ಹೆಸರಿರುವುದರಿಂದ ಪಾಪವು ಮೊದಲೆರಡರ ಗೌರವವನ್ನು ಕಡ ಪಡೆದು ಬದುಕುತ್ತಿದೆ. ಇದನ್ನು ಬಿಡಿಸಿ ನೋಡುವುದು ಈ ಲೇಖನದ ಉದ್ದೇಶ.

ಪದದಿಂದಲೇ ಆರಂಭಿಸೋಣ. ‘ರಾಜಕೀಯ’ ಎಂಬುದು ಸ್ವಕೀಯ, ಪರಕೀಯಗಳ ಸಾಲಿನ ಪದ. ತನಗೆ ಸೇರಿದ್ದು ಸ್ವಕೀಯ, ಪರರಿಗೆ ಸೇರಿದ್ದು ಪರಕೀಯ, ರಾಜನಿಗೆ ಸೇರಿದ್ದು ರಾಜಕೀಯ. ರಾಜನಿಲ್ಲದ ಗಣರಾಜ್ಯದಲ್ಲಿ ಆ ಪದದ ಸ್ವಾಮ್ಯ ಪ್ರಜೆಗಳಿಗೆ ಬಂದಿದೆ. ನೀರು, ನೆಲ, ಕೂಲಿ, ಶಾಲೆ, ಆಸ್ಪತ್ರೆ, ನ್ಯಾಯ ಇವುಗಳನ್ನು ಕುರಿತು ಒಂದು ಸಮಾಜ ಕೂಡಿ ತೀರ್ಮಾನಿಸುವ ಬಗೆಗೆ ನಾವು ರಾಜಕೀಯ ಎನ್ನುತ್ತೇವೆ. ಆದರೆ ಬಳಕೆಯಲ್ಲಿ ಅದರ ಅರ್ಥ ಬಹಳ ಕುಗ್ಗಿದೆ. ‘ಅವರು ರಾಜಕೀಯ ಮಾಡುತ್ತಾರೆ’ ಎಂದರೆ ಕುತಂತ್ರ ಮಾಡುತ್ತಾರೆ ಎಂದೇ ಅರ್ಥ. ಹೀಗೆ ಕೆಟ್ಟ ಹೆಸರು ಬಂದ ಪದಕ್ಕೆ ವಿರುದ್ಧ ಪದವೆಲ್ಲವೂ ತಾನಾಗಿಯೇ ಒಳ್ಳೆಯದಾಗಿಬಿಡುತ್ತದೆ.

ವಿರುದ್ಧ ಪದಗಳಾದರೂ ಒಂದೇ ಬಗೆಯವಲ್ಲ. ‘ಇತರ’ ಸೇರಿದಾಗ ರಾಜಕೀಯೇತರ: ಅದಲ್ಲದ ಬೇರೊಂದು. ‘ರಹಿತ’ ಸೇರಿದಾಗ ಅದರ ಲೇಪವೂ ಇಲ್ಲದ್ದು. ‘ಅತೀತ’ ಸೇರಿದಾಗ ಅದನ್ನು ದಾಟಿ ನಿಂತದ್ದು. ಕೆಲವರು ಬಳಸುವ ‘ಅರಾಜಕೀಯ’ವಂತೂ ಅರಾಜಕತೆಯ ನೆರಳಿನಲ್ಲಿ ನಿಂತು ಕೇಳುವವರನ್ನು ಗೊಂದಲಕ್ಕೆ ದೂಡುತ್ತದೆ. ಇವುಗಳ ಪಕ್ಕದಲ್ಲಿ ಇನ್ನೆರಡು ಪದಗಳಿವೆ: ಪಕ್ಷಾತೀತ ಮತ್ತು ತಟಸ್ಥ. ಪಕ್ಷಗಳನ್ನು ಮೀರಿದವನು ಪಕ್ಷಾತೀತ. ತಟದಲ್ಲಿ, ಅಂದರೆ ದಡದಲ್ಲಿ ನಿಂತವನು ತಟಸ್ಥ. ಹೊಳೆಯಲ್ಲಿ ಇಬ್ಬರು ಈಜಿನ ಪಂದ್ಯ ನಡೆಸುತ್ತಿದ್ದರೆ ದಡದಲ್ಲಿ ನಿಲ್ಲುವುದು ಸಭ್ಯತೆ. ಒಬ್ಬನು ಮುಳುಗುತ್ತಿದ್ದರೆ ಅದೇ ದಡ ಅವನನ್ನು ಕೈಬಿಟ್ಟವರ ಜಾಗವಾಗುತ್ತದೆ.

ಈಗ ಮೂರು ನಿಲುವುಗಳನ್ನು ಹೆಸರಿಸಬಹುದು. ಯಾವ ರಾಜಕೀಯ ಪಕ್ಷದ ಪರವಾಗಿಯೂ ಧರ್ಮಸಭೆ ನಿಲ್ಲುವುದಿಲ್ಲ ಎಂಬುದು ಪಕ್ಷಾತೀತತೆ. ಧರ್ಮಸಭೆಯ ಗುರಿ ಯಾವ ರಾಜ್ಯವ್ಯವಸ್ಥೆಯಲ್ಲೂ ಮುಗಿಯುವುದಿಲ್ಲ ಎಂಬುದು ರಾಜಕೀಯಾತೀತತೆ. ಸಾರ್ವಜನಿಕ ಅನ್ಯಾಯ ನಮ್ಮ ವಿಷಯವಲ್ಲ ಎಂಬುದು ತಾಟಸ್ಥ್ಯ. ‘ನಾವು ರಾಜಕೀಯೇತರರು’ ಎಂದು ಹೇಳುವವರು ಈ ಮೂರರಲ್ಲಿ ಯಾವುದನ್ನು ಹೇಳುತ್ತಿದ್ದಾರೆಂದು ಅವರಿಗೇ ಸ್ಪಷ್ಟವಿರುವುದಿಲ್ಲ.

ದ್ವಿತೀಯ ವ್ಯಾಟಿಕನ್ ಮಹಾಸಭೆಯು 1965ರ ಡಿಸೆಂಬರ್ 7ರಂದು ಪ್ರಕಟಿಸಿದ ‘ಗೌದಿಯುಂ ಎತ್ ಸ್ಪೆಸ್’ ಸಂವಿಧಾನದ 76ನೆಯ ಪರಿಚ್ಛೇದವು ಈ ವ್ಯತ್ಯಾಸಗಳನ್ನು ಎಚ್ಚರದಿಂದ ಕಾಪಾಡುತ್ತದೆ. ಧರ್ಮಸಭೆಯನ್ನು ರಾಜಕೀಯ ಸಮುದಾಯದೊಂದಿಗೆ ಬೆರೆಸಲಾಗದು, ಅದು ಯಾವುದೇ ರಾಜಕೀಯ ವ್ಯವಸ್ಥೆಗೆ ಕಟ್ಟುಬಿದ್ದಿಲ್ಲ ಎಂದು ಅದು ಬೋಧಿಸುತ್ತದೆ. ಹಾಗೆ ಬೋಧಿಸಲು ಕೊಡುವ ಕಾರಣ ಮುಖ್ಯವಾದುದು: ಮಾನವ ವ್ಯಕ್ತಿ ಯಾವ ರಾಜ್ಯಕ್ಕಿಂತಲೂ ಮಿಗಿಲಾದವನು, ಆ ಮಿಗಿಲುತನಕ್ಕೆ ಧರ್ಮಸಭೆ ಗುರುತೂ ಹೌದು, ಕಾವಲೂ ಹೌದು. ಕಾವಲುಗಾರನು ಮನೆಯ ಮಾಲೀಕತ್ವ ಕೇಳುವುದಿಲ್ಲ. ಹಾಗೆಂದು ಕಳ್ಳ ಒಳನುಗ್ಗುವಾಗ ಮಲಗಿರುವಂತೆಯೂ ಇಲ್ಲ. ಮನುಷ್ಯನ ಮೂಲಭೂತ ಹಕ್ಕುಗಳು ಅಥವಾ ಆತ್ಮಗಳ ರಕ್ಷಣೆ ಕೇಳಿಕೊಂಡಾಗ ರಾಜಕೀಯ ವ್ಯವಸ್ಥೆಗೆ ಸೇರಿದ ವಿಷಯಗಳ ಮೇಲೂ ನೈತಿಕ ತೀರ್ಪು ನೀಡುವ ಹಕ್ಕು ಧರ್ಮಸಭೆಗಿದೆ ಎಂದು ಅದೇ ಪರಿಚ್ಛೇದ ಸಾರುತ್ತದೆ. ಮೊದಲ ಭಾಗವನ್ನು ಮಾತ್ರ ಓದಿ ಪುಸ್ತಕ ಮಡಚುವವರೇ ನಮ್ಮಲ್ಲಿ ಹೆಚ್ಚು.

1983ರ ಧರ್ಮಸಭೆಯ ಕಾನೂನು ಸಂಹಿತೆಯಲ್ಲೂ ಇದೇ ಬಗೆಯ ಎಚ್ಚರವಿದೆ. 285ನೆಯ ಕಾನೂನು ಗುರುಗಳು ಲೌಕಿಕ ಅಧಿಕಾರ ಚಲಾಯಿಸುವ ಸಾರ್ವಜನಿಕ ಹುದ್ದೆಗಳನ್ನು ವಹಿಸಿಕೊಳ್ಳುವುದನ್ನು ನಿಷೇಧಿಸುತ್ತದೆ. 287ನೆಯ ಕಾನೂನಿನ ಎರಡನೆಯ ಭಾಗ ರಾಜಕೀಯ ಪಕ್ಷಗಳಲ್ಲಿ ಸಕ್ರಿಯವಾಗಿ ತೊಡಗುವುದನ್ನು ಮತ್ತು ಕಾರ್ಮಿಕ ಸಂಘಗಳ ಆಡಳಿತದಲ್ಲಿ ಪಾಲುಗೊಳ್ಳುವುದನ್ನು ತಡೆಯುತ್ತದೆ. ಧರ್ಮಸಭೆಯ ಹಕ್ಕುಗಳ ರಕ್ಷಣೆಗೋ ಸಮಷ್ಟಿಯ ಹಿತಕ್ಕೋ ಅದು ಅಗತ್ಯವೆಂದು ಅಧಿಕೃತ ಮೇಲಧಿಕಾರಿಗೆ ಕಂಡಾಗ ಮಾತ್ರ ವಿನಾಯಿತಿ. ಗುರುಅಭ್ಯರ್ಥಿಗಳು ಈ ಭಾಗವನ್ನು ಬಾಯಿಪಾಠ ಹೇಳಬಲ್ಲರು. ಅದೇ ಕಾನೂನಿನ ಮೊದಲ ಭಾಗ ಏನೆಂದು ಕೇಳಿದರೆ ತರಗತಿ ಮೌನವಾಗುತ್ತದೆ. ನ್ಯಾಯದ ಮೇಲೆ ನಿಂತ ಶಾಂತಿ ಸೌಹಾರ್ದಗಳನ್ನು ಜನರ ನಡುವೆ ಸದಾ ಪೋಷಿಸುವುದು ಗುರುಗಳ ಕರ್ತವ್ಯ ಎಂದು ಅದು ವಿಧಿಸುತ್ತದೆ. ನಿಷೇಧ ಎರಡನೆಯದು, ಆದೇಶ ಮೊದಲನೆಯದು. ಆದೇಶವನ್ನು ಪಾಲಿಸುವಾಗ ದಾರಿ ತಪ್ಪದಿರಲೆಂದೇ ನಿಷೇಧ ಹಿಂಬಾಲಿಸಿ ಬಂದಿದೆ. ಆದೇಶವನ್ನೇ ಪಾಲಿಸದವನಿಗೆ ಆ ನಿಷೇಧದಿಂದ ಯಾವ ಪುಣ್ಯವೂ ಇಲ್ಲ.

ಇಷ್ಟು ಹೇಳಿದ ಮೇಲೆ ಒಂದು ತಪ್ಪೊಪ್ಪಿಗೆ ಅವಶ್ಯಕ. ಏಕೆಂದರೆ ಈ ಪದದ ದುರ್ಬಳಕೆಯನ್ನು ನಾವು ಗ್ರಂಥಗಳಲ್ಲಿ ಕಂಡದ್ದಲ್ಲ. ಗುರುದೀಕ್ಷೆಯ ಆರಂಭದ ವರ್ಷಗಳಲ್ಲಿ ಮಲೆನಾಡಿನ ಒಂದು ಧರ್ಮಕೇಂದ್ರದಲ್ಲಿ ನಾವು ಸಹಾಯಕ ಗುರುವಾಗಿದ್ದಾಗ ಕಾಫಿ ತೋಟದ ಕೂಲಿಯವರು, ಹೆಚ್ಚಿನವರು ಹೆಂಗಸರು, ಬಾಕಿ ಕೂಲಿಯ ಬಗ್ಗೆ ಕೂತು ಮಾತಾಡಲು ಒಂದು ಭಾನುವಾರ ಮಧ್ಯಾಹ್ನ ಧರ್ಮಕೇಂದ್ರದ ಸಭಾಂಗಣ ಕೇಳಿದರು. ಅವರಲ್ಲಿ ಅರ್ಧದಷ್ಟು ಜನ ನಮ್ಮ ಭಕ್ತಾದಿಗಳೇ. ಪ್ರಧಾನ ಗುರುಗಳು ಊರಲ್ಲಿರಲಿಲ್ಲ. ನಾವು ವಹಿಯಲ್ಲಿ ‘ಧರ್ಮಕೇಂದ್ರವು ರಾಜಕೀಯೇತರ ಸಂಸ್ಥೆಯಾದ ಕಾರಣ ಅನುಮತಿ ನೀಡಲಾಗದು’ ಎಂದು ಬರೆದು ಸಹಿ ಹಾಕಿದೆವು. ಕೆಲವೇ ವಾರಗಳ ನಂತರ ಅದೇ ಸಭಾಂಗಣದಲ್ಲಿ, ಆವರಣದ ಗೋಡೆಗೆ ಅನುದಾನ ಕೊಡಿಸಿದ ಜನಪ್ರತಿನಿಧಿಯೊಬ್ಬರಿಗೆ ಶಾಲು ಹೊದಿಸಿ ಸನ್ಮಾನಿಸಲಾಯಿತು. ಸ್ವಾಗತ ಭಾಷಣ ನಮ್ಮದೇ. ಆ ಸಮಾರಂಭದ ವಿವರವನ್ನು ಅದೇ ವಹಿಯ ಮುಂದಿನ ಪುಟದಲ್ಲಿ ಬರೆಯುವಾಗ ‘ರಾಜಕೀಯೇತರ’ ಎಂಬ ಪದ ನಮಗೆ ನೆನಪಾಗಲಿಲ್ಲ. ಹಿಂದಿನ ಪುಟದ ನಮ್ಮ ಸಹಿ ಕಣ್ಣಿಗೆ ಬಿದ್ದದ್ದು ಎಷ್ಟೋ ಕಾಲದ ಮೇಲೆ.

ಬಾಕಿ ಕೂಲಿ ಕೇಳುವುದು ರಾಜಕೀಯ, ಅಧಿಕಾರದಲ್ಲಿರುವವರಿಗೆ ಶಾಲು ಹೊದಿಸುವುದು ಸೌಜನ್ಯ ಎಂದು ನಮಗೆ ಕಲಿಸಿದವರಾರು? ಯಾವ ಗುರುಮಠದ ಪಠ್ಯದಲ್ಲೂ ಅದಿಲ್ಲ. ಆದರೆ ಪವಿತ್ರ ಬೈಬಲಿನಲ್ಲಿ ಆ ಗುರುವಿನ ಹೆಸರಿದೆ. ಆಮೋಸನ ಗ್ರಂಥದ ಏಳನೆಯ ಅಧ್ಯಾಯದಲ್ಲಿ ಬೇತೇಲಿನ ಯಾಜಕ ಅಮಚ್ಯನು ಪ್ರವಾದಿಯನ್ನು ಗಡಿಪಾರು ಮಾಡಲು ಯತ್ನಿಸುತ್ತಾನೆ. ಬಡವರನ್ನು ತುಳಿಯುವವರ ಕುರಿತು ಆಮೋಸನು ನುಡಿದುದು ಸುಳ್ಳೆಂದು ಅಮಚ್ಯನು ವಾದಿಸುವುದಿಲ್ಲ. ಇಲ್ಲಿ ಮಾತನಾಡಬೇಡ, ಯೂದಾ ನಾಡಿಗೆ ಹೋಗಿ ಅಲ್ಲಿ ಹೊಟ್ಟೆ ಹೊರೆದುಕೋ ಎನ್ನುತ್ತಾನೆ. ಆತ ಕೊಡುವ ಕಾರಣ ಹದಿಮೂರನೆಯ ವಚನದಲ್ಲಿದೆ: ಬೇತೇಲು ರಾಜನ ಪವಿತ್ರಾಲಯ, ರಾಜ್ಯದ ದೇಗುಲ. ಕನ್ನಡದ ಮೂಲಾರ್ಥದಲ್ಲಿ ಹೇಳುವುದಾದರೆ ಆ ಗುಡಿಯೇ ‘ರಾಜಕೀಯ’, ರಾಜನಿಗೆ ಸೇರಿದ್ದು. ಪ್ರವಾದಿಯ ಬಾಯಿ ಮುಚ್ಚಿಸಲು ಹೊರಟ ಯಾಜಕನು ತಾನು ನಿಂತ ನೆಲವೇ ರಾಜಕೀಯವೆಂದು ತನ್ನ ಬಾಯಿಂದಲೇ ಒಪ್ಪಿಕೊಂಡಿದ್ದಾನೆ. ರಾಜನಿಗೆ ಹಿತವಾದುದು ಪೂಜೆ, ಅಹಿತವಾದುದು ರಾಜಕೀಯ ಎಂಬ ವಿಂಗಡಣೆ ಅಲ್ಲಿಂದ ನಮ್ಮ ಸಭಾಂಗಣದವರೆಗೂ ನಡೆದು ಬಂದಿದೆ.

ಸಂತ ಲೂಕನ ಶುಭಸಂದೇಶದ ಹತ್ತನೆಯ ಅಧ್ಯಾಯದಲ್ಲೂ ಯಾಜಕನೊಬ್ಬನಿದ್ದಾನೆ. ಗಾಯಗೊಂಡು ಬಿದ್ದವನನ್ನು ನೋಡಿ ಆತನು ಮತ್ತೊಂದು ಬದಿಯಿಂದ ಹಾದುಹೋದನು ಎಂಬುದಕ್ಕೆ ಲೂಕನು ಬಳಸುವ ಗ್ರೀಕ್ ಕ್ರಿಯಾಪದದಲ್ಲೇ ‘ಎದುರು ಬದಿ’ ಎಂಬ ಅರ್ಥ ಸೇರಿಕೊಂಡಿದೆ. ಆ ಯಾಜಕನು ಕಳ್ಳರ ಪಕ್ಷದವನಲ್ಲ, ಗಾಯಾಳುವಿನ ಪಕ್ಷದವನೂ ಅಲ್ಲ. ತಟಸ್ಥ ಎಂಬುದಕ್ಕೆ ಇದಕ್ಕಿಂತ ಖಚಿತವಾದ ಚಿತ್ರ ಸಿಗಲಾರದು.

ಇತಿಹಾಸದಿಂದ ಎರಡು ನಿದರ್ಶನಗಳನ್ನು ನೋಡಬಹುದು. 1933ರ ಜುಲೈ 20ರಂದು ಪವಿತ್ರ ಪೀಠವು ಜರ್ಮನಿಯೊಂದಿಗೆ ಮಾಡಿಕೊಂಡ ಒಪ್ಪಂದದ 32ನೆಯ ವಿಧಿ, ಗುರುಗಳು ರಾಜಕೀಯ ಪಕ್ಷಗಳ ಸದಸ್ಯರಾಗದಂತೆ ಮತ್ತು ಅವುಗಳ ಪರವಾಗಿ ಕೆಲಸ ಮಾಡದಂತೆ ತಡೆಯಿತು. ಕಥೋಲಿಕರ ಪಕ್ಷವೆನಿಸಿದ್ದ ಸೆಂಟರ್ ಪಕ್ಷ ಅದಕ್ಕೆ ಹದಿನೈದು ದಿನ ಮೊದಲೇ ವಿಸರ್ಜನೆಯಾಗಿತ್ತು. ಕಾಗದದ ಮೇಲೆ ಜರ್ಮನಿಯ ಗುರುವರ್ಗ ಅಂದು ಸಂಪೂರ್ಣ ‘ರಾಜಕೀಯೇತರ’. ಎಂಟು ವರ್ಷಗಳ ನಂತರ, 1941ರ ಆಗಸ್ಟ್ 3ರಂದು, ಮ್ಯೂನ್‌ಸ್ಟರಿನ ಧರ್ಮಾಧ್ಯಕ್ಷ ಕ್ಲೆಮೆನ್ಸ್ ಆಗಸ್ಟ್ ಫಾನ್ ಗಾಲೆನ್ ಅವರು ಸಂತ ಲ್ಯಾಂಬರ್ಟರ ದೇವಾಲಯದ ಪ್ರಬೋಧನೆಯಲ್ಲಿ, ಮಾನಸಿಕ ಅಸ್ವಸ್ಥರನ್ನು ರಾಜ್ಯವೇ ಕೊಲ್ಲುತ್ತಿದೆ ಎಂದು ಬಹಿರಂಗವಾಗಿ ಹೇಳಿದರು. ದೇಶದ ದಂಡಸಂಹಿತೆಯನ್ನೇ ಆಧಾರವಾಗಿಟ್ಟು ತಾವು ದೂರು ಕೊಟ್ಟಿರುವುದಾಗಿಯೂ ತಿಳಿಸಿದರು. ಅವರು ಯಾವ ಪಕ್ಷಕ್ಕೂ ಸೇರಿರಲಿಲ್ಲ, ಒಪ್ಪಂದದ ವಿಧಿಯನ್ನೂ ಮುರಿದಿರಲಿಲ್ಲ. ಆದರೂ ಆ ಆಡಳಿತದ ಅಡಿಯಲ್ಲಿ ಅದಕ್ಕಿಂತ ರಾಜಕೀಯವಾದ ಮಾತು ಇನ್ನೊಂದಿರಲು ಸಾಧ್ಯವಿರಲಿಲ್ಲ. ಪಕ್ಷಾತೀತನಾಗಿದ್ದೂ ತಟಸ್ಥನಾಗದಿರುವುದು ಸಾಧ್ಯ ಎಂಬುದಕ್ಕೆ ಆ ಪ್ರಬೋಧನೆ ಸಾಕ್ಷಿ. ಅದೇ ಪೀಠದಿಂದ ಯೆಹೂದ್ಯರ ಪರವಾಗಿ ಅಂತಹ ಬಹಿರಂಗ ದನಿ ಕೇಳಿಬರಲಿಲ್ಲ ಎಂಬುದನ್ನೂ ಇಲ್ಲಿ ಮರೆಯುವಂತಿಲ್ಲ. ಧೈರ್ಯಶಾಲಿಗಳ ಕಣ್ಣಿಗೂ ಕಾಣದ ದಡವೊಂದು ಇರುತ್ತದೆ.

ಎರಡನೆಯ ನಿದರ್ಶನ ನಮ್ಮ ನೆರೆಯದು. ಕೇರಳದಲ್ಲಿ 1957ರಲ್ಲಿ ಅಧಿಕಾರಕ್ಕೆ ಬಂದ ಇ.ಎಂ.ಎಸ್. ನಂಬೂದಿರಿಪಾಡ್ ಅವರ ಸರಕಾರ ಶಿಕ್ಷಣ ಮಸೂದೆಯನ್ನು ತಂದಾಗ ಧರ್ಮಸಭೆ ಬೀದಿಗಿಳಿಯಿತು. ನಾಯರ್ ಸಂಘಟನೆ, ಕಾಂಗ್ರೆಸ್, ಮುಸ್ಲಿಂ ಲೀಗ್‌ಗಳೊಂದಿಗೆ ಕೂಡಿ ನಡೆದ ‘ವಿಮೋಚನಾ ಸಮರ’ ಕೊನೆಗೊಂಡದ್ದು 1959ರ ಜುಲೈ 31ರಂದು, ಚುನಾಯಿತ ಸರಕಾರದ ವಜಾದೊಂದಿಗೆ. ಆ ಹೋರಾಟ ಸರಿಯೋ ತಪ್ಪೋ ಎಂಬ ಚರ್ಚೆ ಇಲ್ಲಿ ಬೇಡ. ನಮ್ಮ ಶಾಲೆಗಳ ಆಡಳಿತದ ಪ್ರಶ್ನೆ ಬಂದಾಗ ನಮಗೆ ರಾಜಕೀಯವೆಂದರೆ ಅಂಜಿಕೆಯಿರಲಿಲ್ಲ ಎಂಬುದನ್ನಷ್ಟೇ ಗಮನಿಸೋಣ. ಕರ್ನಾಟಕದಲ್ಲೂ 2021ರಲ್ಲಿ ಮತಾಂತರ ನಿಷೇಧದ ಮಸೂದೆ ಬಂದಾಗ ಧರ್ಮಾಧ್ಯಕ್ಷರು ಬಹಿರಂಗವಾಗಿ ವಿರೋಧಿಸಿದರು, ವಿಶ್ವಾಸಿಗಳು ಪ್ರತಿಭಟಿಸಿದರು. ಅದು ಸರಿಯಾದುದೇ, ಆತ್ಮಸಾಕ್ಷಿಯ ಸ್ವಾತಂತ್ರ್ಯ ಮೂಲಭೂತ ಹಕ್ಕು. ಅಂದು ನಮ್ಮ ಯಾವ ಸಂಘವೂ ತನ್ನ ನಿಯಮಾವಳಿಯ ಆ ವಾಕ್ಯವನ್ನು ತೋರಿಸಿ ಹಿಂದೆ ಸರಿದುದನ್ನು ನಾವು ಕಾಣಲಿಲ್ಲ.

ಹಾಗಾದರೆ ಈ ಪದದ ನಿಜವಾದ ಬಳಕೆಯ ಸೂತ್ರವೇನು? ನಮಗೆ ತಗುಲಿದ ಅನ್ಯಾಯವನ್ನು ನಾವು ‘ಹಕ್ಕಿನ ಪ್ರಶ್ನೆ’ ಎನ್ನುತ್ತೇವೆ, ಇತರರಿಗೆ ತಗುಲಿದುದನ್ನು ‘ರಾಜಕೀಯ’ ಎನ್ನುತ್ತೇವೆ. ‘ರಾಜಕೀಯೇತರ’ ಎಂಬುದರಲ್ಲಿರುವ ‘ಇತರ’ ಎಲ್ಲಿಂದ ಬಂತೆಂಬುದು ಈಗ ತಿಳಿಯುತ್ತದೆ. ಆ ‘ಇತರ’ರು ಕೆಲವೊಮ್ಮೆ ನಮ್ಮ ಮಂದೆಯೊಳಗೇ ಇರುತ್ತಾರೆ. 1950ರ ಆಗಸ್ಟ್ 10ರ ರಾಷ್ಟ್ರಪತಿಗಳ ಆದೇಶದ ಮೂರನೆಯ ಪರಿಚ್ಛೇದ ಪರಿಶಿಷ್ಟ ಜಾತಿಯ ಸ್ಥಾನಮಾನವನ್ನು ಧರ್ಮಕ್ಕೆ ಕಟ್ಟಿಹಾಕಿತು. 1956ರಲ್ಲಿ ಸಿಖ್ಖರಿಗೂ 1990ರಲ್ಲಿ ಬೌದ್ಧರಿಗೂ ಅದು ತೆರೆದುಕೊಂಡಿತು, ದಲಿತ ಕ್ರೈಸ್ತರು ಹೊರಗೇ ಉಳಿದರು. ಇದನ್ನು ಪ್ರತಿಭಟಿಸಿ ಆಗಸ್ಟ್ 10ನ್ನು ಕರಾಳ ದಿನವಾಗಿ ಆಚರಿಸಲು ಧರ್ಮಾಧ್ಯಕ್ಷರ ಮಂಡಳಿಯೇ ಕರೆ ನೀಡುತ್ತ ಬಂದಿದೆ. ಸರಕಾರದ ಮುಂದಿಡುವ ಈ ಬೇಡಿಕೆ ನಮಗೆ ರಾಜಕೀಯವೆನಿಸುವುದಿಲ್ಲ. ಆದರೆ ಅದೇ ದಲಿತ ವಿಶ್ವಾಸಿಗಳು ಧರ್ಮಕೇಂದ್ರದ ಪಾಲನಾ ಸಮಿತಿಯಲ್ಲಿ ಸ್ಥಾನ ಕೇಳಿದರೆ ‘ದೇವಾಲಯದೊಳಗೆ ರಾಜಕೀಯ ತರಬೇಡಿ’ ಎಂಬ ಉತ್ತರ ಸಿದ್ಧವಿರುತ್ತದೆ. 2016ರಲ್ಲಿ ಧರ್ಮಾಧ್ಯಕ್ಷರ ಮಂಡಳಿ ದಲಿತ ಸಬಲೀಕರಣ ನೀತಿಯನ್ನು ಪ್ರಕಟಿಸಿ ಧರ್ಮಸಭೆಯೊಳಗಿನ ತಾರತಮ್ಯವನ್ನು ಒಪ್ಪಿಕೊಂಡ ಮೇಲಾದರೂ ಈ ಉತ್ತರಕ್ಕೆ ಎಡೆಯಿರಬಾರದಿತ್ತು.

ನಮ್ಮ ವಾದಕ್ಕೆ ಗಂಭೀರ ಆಕ್ಷೇಪಣೆಗಳಿವೆ. ಮೊದಲನೆಯದು ನೆಲದ ಕಾನೂನಿನದು. 1951ರ ಪ್ರಜಾಪ್ರತಿನಿಧಿತ್ವ ಕಾಯ್ದೆಯ 123ನೆಯ ಪ್ರಕರಣದಂತೆ ಧರ್ಮದ ಹೆಸರಿನಲ್ಲಿ ಮತ ಕೇಳುವುದು ಭ್ರಷ್ಟ ಆಚರಣೆ. 2017ರ ಜನವರಿ 2ರಂದು ಸರ್ವೋಚ್ಚ ನ್ಯಾಯಾಲಯದ ಏಳು ನ್ಯಾಯಾಧೀಶರ ಪೀಠ ಬಹುಮತದಿಂದ ಆ ನಿಷೇಧವನ್ನು ಮತದಾರನ ಧರ್ಮಕ್ಕೂ ವಿಸ್ತರಿಸಿತು. ಧಾರ್ಮಿಕ ಸಂಸ್ಥೆಗಳ ದುರುಪಯೋಗ ತಡೆಯುವ 1988ರ ಕಾಯ್ದೆ ದೇವಾಲಯದ ಆವರಣವನ್ನು ರಾಜಕೀಯ ಚಟುವಟಿಕೆಗೆ ಬಳಸುವುದನ್ನು ನಿಷೇಧಿಸುತ್ತದೆ. ಆ ಚಟುವಟಿಕೆಯ ವ್ಯಾಖ್ಯೆ ಪಕ್ಷಗಳನ್ನು ದಾಟಿ ವಿಶಾಲವಾಗಿಯೇ ಇದೆ. ಈ ಕಾನೂನುಗಳನ್ನು ಪ್ರತಿಯೊಬ್ಬ ಗುರುವೂ ಓದಿರಬೇಕು, ಪಾಲಿಸಬೇಕು. ಆದರೆ ಅವು ಆವರಣಕ್ಕೆ, ಸಂಸ್ಥೆಯ ಸಂಪನ್ಮೂಲಕ್ಕೆ, ಮತಯಾಚನೆಗೆ ಹಾಕಿದ ಬೇಲಿಗಳು. ದುಡಿದವನ ಕೂಲಿ ತಡೆಹಿಡಿಯುವುದು ದೇವರಿಗೆ ಮೊರೆಯಿಡುವ ಪಾಪವೆಂದು ಸಂತ ಯಕೋಬನ ಪತ್ರದ ಐದನೆಯ ಅಧ್ಯಾಯವನ್ನು ವಿವರಿಸುವುದು ಪ್ರಬೋಧನೆ. ಕಾನೂನಿನ ಭಯವನ್ನು ಅಂಜುಬುರುಕತನಕ್ಕೆ ಹೊದಿಕೆ ಮಾಡಿಕೊಳ್ಳುವವರು, ನಮ್ಮ ಸನ್ಮಾನ ಸಮಾರಂಭಗಳಿಗೂ ಅದೇ ಕಾಯ್ದೆ ಅನ್ವಯಿಸಬಹುದೇ ಎಂದು ಮೊದಲು ಯೋಚಿಸಲಿ.

ಎರಡನೆಯ ಆಕ್ಷೇಪಣೆ ಐಕ್ಯತೆಯದು. ಒಂದೇ ಬಲಿಪೀಠದ ಮುಂದೆ ತೋಟದ ಒಡೆಯನೂ ಕೂಲಿಯವಳೂ, ಬೇರೆ ಬೇರೆ ಪಕ್ಷಗಳಿಗೆ ಮತ ಹಾಕುವವರೂ ಮೊಣಕಾಲೂರುತ್ತಾರೆ. ಗುರುವು ಎಲ್ಲರಿಗೂ ತಂದೆ, ಮಂದೆ ಒಡೆಯಬಾರದು. ಈ ಕಾಳಜಿ ನಿಜವಾದುದು. ಪಕ್ಷಾತೀತತೆ ಗುರುವಿಗೆ ಕಡ್ಡಾಯವಾಗಿರುವುದು ಇದಕ್ಕಾಗಿಯೇ. ಚುನಾವಣೆಯಲ್ಲಿ ಯಾರಿಗೆ ಮತ ಹಾಕಬೇಕೆಂದು ಪೀಠದಿಂದ ಸೂಚಿಸುವ ಗುರು ವಿಶ್ವಾಸಿಗಳ ಆತ್ಮಸಾಕ್ಷಿಯನ್ನು ಕಸಿಯುತ್ತಾನೆ. ಆದರೆ ಒಡೆಯನ ಮುಜುಗರವನ್ನು ತಪ್ಪಿಸಲು ಕೂಲಿಯವಳ ಬಾಯಿ ಮುಚ್ಚಿಸಿದಾಗ ಮಂದೆಯಲ್ಲಿರುವುದು ಐಕ್ಯತೆಯೇ? ಒಡಕು ಆಗಲೇ ಇದೆ. ನಮ್ಮ ಮೌನ ಅದನ್ನು ಕಾಣದಂತೆ ಮಾಡುತ್ತದೆ, ಅಷ್ಟೆ.

ಮೂರನೆಯದು ಕಾರ್ಯವಿಭಜನೆಯದು: ಲೌಕಿಕ ವ್ಯವಸ್ಥೆಯನ್ನು ತಿದ್ದುವುದು ಶ್ರೀಸಾಮಾನ್ಯರ ಕೆಲಸ, ಗುರುಗಳದಲ್ಲ. ಇದು ಧರ್ಮಸಭೆಯ ಬೋಧನೆಯೇ. ಪೋಪ್ ಹದಿನಾರನೆಯ ಬೆನೆಡಿಕ್ಟರು 2005ರ ‘ದೇವುಸ್ ಕಾರಿತಾಸ್ ಎಸ್ತ್’ ವಿಶ್ವಪತ್ರದ 28ನೆಯ ಪರಿಚ್ಛೇದದಲ್ಲಿ, ನ್ಯಾಯಯುತ ಸಮಾಜವನ್ನು ಕಟ್ಟುವ ರಾಜಕೀಯ ಹೋರಾಟವನ್ನು ಧರ್ಮಸಭೆ ತಾನೇ ಕೈಗೆತ್ತಿಕೊಳ್ಳಬಾರದೆಂದೂ, ನ್ಯಾಯಕ್ಕಾಗಿ ನಡೆಯುವ ಹೋರಾಟದಲ್ಲಿ ಬದಿಗೆ ಸರಿದು ನಿಲ್ಲಲೂ ಬಾರದೆಂದೂ ಒಂದೇ ಉಸಿರಿನಲ್ಲಿ ಹೇಳಿದ್ದಾರೆ. ಸಂತ ಎರಡನೆಯ ಜಾನ್ ಪೌಲರು 1988ರ ‘ಕ್ರಿಸ್ತಿಫಿದೇಲೆಸ್ ಲಾಯಿಚಿ’ಯಲ್ಲಿ ಸಾರ್ವಜನಿಕ ಬದುಕಿನಿಂದ ದೂರ ಸರಿಯುವ ಹಕ್ಕು ಶ್ರೀಸಾಮಾನ್ಯರಿಗಿಲ್ಲ ಎಂದು ಬೋಧಿಸಿದ್ದಾರೆ. ಹಾಗಿದ್ದ ಮೇಲೆ ಶ್ರೀಸಾಮಾನ್ಯರ ಸಂಘಗಳ ನಿಯಮಾವಳಿಯಲ್ಲಿ ‘ಸಂಪೂರ್ಣವಾಗಿ ರಾಜಕೀಯೇತರ’ ಎಂದು ಬರೆಸುವವರು ಯಾರು? ಗುರುವಿಗೆ ವಿಧಿಸಿದ ಮಿತಿಯನ್ನು ಶ್ರೀಸಾಮಾನ್ಯರ ಮೇಲೂ ಹೇರಿ, ಅವರ ಕೆಲಸವನ್ನು ಅವರಿಗೂ ನಿಷೇಧಿಸಿದ ಮೇಲೆ ಆ ಕೆಲಸ ಮಾಡಲು ಯಾರೂ ಉಳಿಯುವುದಿಲ್ಲ.

ಆದುದರಿಂದ ನಮ್ಮ ಸಲಹೆ ಸರಳವಾದುದು. ಪಕ್ಷಾತೀತವೆಂಬುದು ನಮ್ಮ ಅರ್ಥವಾದರೆ ಹಾಗೆಯೇ ಬರೆಯೋಣ: ಈ ಸಂಘವು ಯಾವುದೇ ರಾಜಕೀಯ ಪಕ್ಷದ ಪರವಾಗಿಯಾಗಲಿ ವಿರುದ್ಧವಾಗಿಯಾಗಲಿ ಕೆಲಸ ಮಾಡತಕ್ಕದ್ದಲ್ಲ. ಧರ್ಮಸಭೆಯ ಗುರಿ ರಾಜ್ಯವನ್ನು ಮೀರಿದ್ದು ಎಂಬುದು ನಮ್ಮ ಅರ್ಥವಾದರೆ, ನಮ್ಮ ನಾಗರಿಕತ್ವ ಸ್ವರ್ಗದಲ್ಲಿದೆ ಎಂದು ಫಿಲಿಪ್ಪಿಯವರಿಗೆ ಬರೆದ ಸಂತ ಪೌಲನೇ ಅದೇ ಪತ್ರದ ಮೊದಲ ಅಧ್ಯಾಯದಲ್ಲಿ, ಶುಭಸಂದೇಶಕ್ಕೆ ತಕ್ಕ ನಾಗರಿಕರಾಗಿ ಬಾಳಿರೆಂಬ ಅರ್ಥ ಬರುವ ಕ್ರಿಯಾಪದವನ್ನು ಬಳಸಿರುವುದನ್ನು ಬೋಧಿಸೋಣ. ಇವೆರಡೂ ಅಲ್ಲವಾದರೆ, ಉಳಿಯುವುದು ತಾಟಸ್ಥ್ಯ. ಅದನ್ನು ನಿಯಮಾವಳಿಯಲ್ಲಿ ಬರೆಯುವುದಕ್ಕಿಂತ ಪಾಪನಿವೇದನೆಯಲ್ಲಿ ಹೇಳಿಕೊಳ್ಳುವುದು ಮೇಲು.

ಮುಂದೆ ಗುರುಗಳಾಗಲಿರುವ ನಮ್ಮ ವಿದ್ಯಾರ್ಥಿಗಳು ಒಂದಲ್ಲ ಒಂದು ದಿನ ಇಂತಹುದೇ ವಹಿಯ ಮುಂದೆ, ಕೈಯಲ್ಲಿ ಪೆನ್ನು ಹಿಡಿದು ಕೂರಲಿದ್ದಾರೆ. ಬಾಗಿಲಲ್ಲಿ ಯಾರೋ ಕಾಯುತ್ತಿರುತ್ತಾರೆ. ಸಭಾಂಗಣ ಕೊಡಲಾಗದಿರಬಹುದು, ಕಾನೂನೋ ಮೇಲಧಿಕಾರಿಯೋ ಅಡ್ಡ ಬರಬಹುದು. ಆಗ ಆ ಕಾರಣವನ್ನು ಇದ್ದಂತೆಯೇ ಬರೆಯಲಿ, ಹೊರಗೆ ಹೋಗಿ ಕಾಯುತ್ತಿರುವವರ ಪಕ್ಕದಲ್ಲಿ ಕೂತು ಅವರ ಮಾತು ಕೇಳಲಿ. ನಾವು ಅಂದು ಎದ್ದು ಹೊರಗೆ ಹೋಗಲಿಲ್ಲ. ಉತ್ತರವನ್ನು ಉಪದೇಶಿಯ ಕೈಯಲ್ಲಿ ಕಳುಹಿಸಿದೆವು.